ಆಚಾವೊ ಇಗರ್ಜಿಯನ್ನು ಬುಡದಿಂದ ನೋಡಿ

ಚಿಲಿ ದೇಶದ ದಕ್ಷಿಣದಲ್ಲಿ ಚಿಲೋಯೆ ಅನ್ನುವ ದ್ವೀಪಗಳ ಗುಂಪಿದೆ. ಅಲ್ಲಿನ 16 ಮರದ ಇಗರ್ಜಿಗಳು, ಅಂದರೆ ಚರ್ಚ್‌ಗಳು, 2000ದಲ್ಲಿ ಯುನೆಸ್ಕೊದ ವಿಶ್ವ ಪರಂಪರೆ ಪಟ್ಟಿಗೆ ಸೇರಿದವು. ತುಂಬಾ ಜನ ಒಂದೇ ದಿನದಲ್ಲಿ ಐದಾರು ಇಗರ್ಜಿಗಳ ಮುಂದೆ ಫೋಟೊ ತೆಗೆದುಕೊಂಡು ಹೊರಟುಬಿಡುತ್ತಾರೆ. ಹಾಗೆ ಮಾಡಬೇಡಿ. ಒಂದನ್ನೇ ಆರಿಸಿಕೊಂಡು ಅರ್ಧ ದಿನ ಕೊಡಿ. ನನ್ನನ್ನು ಕೇಳಿದರೆ ಅದು ಕಿಂಚಾವೊ ದ್ವೀಪದ ಆಚಾವೊ ಊರಿನ ಸಾಂತಾ ಮರಿಯಾ ದೆ ಲೊರೆತೊ. 18ನೇ ಶತಮಾನದಲ್ಲಿ ಜೆಸ್ವಿಟ್ ಅನ್ನುವ ಕ್ಯಾಥೊಲಿಕ್ ಸಂಘದ ಪಾದ್ರಿಗಳು ಕಟ್ಟಿಸಿದ್ದು. ಈಗ ಉಳಿದಿರುವವುಗಳಲ್ಲಿ ಎಲ್ಲಕ್ಕಿಂತ ಹಳೆಯದು. ಬಡಗಿ ಮನೆಯಲ್ಲಿ ಬೆಳೆದ ನನಗೆ ಇದರಷ್ಟು ಇಷ್ಟವಾದ ಕಟ್ಟಡ ಬೇರೆ ಇಲ್ಲ.

ದ್ವೀಪದ ಆಚೆ ದಡದ ಪ್ವೆರ್ತೊ ಮೊಂತ್ ನಗರದಿಂದ ಬಸ್ಸು ಹತ್ತಿ. ಪಾರ್ಗ್ವಾದಲ್ಲಿ ಬಸ್ಸೇ ಫೆರಿ ಏರಿ ಕಡಲು ದಾಟುತ್ತದೆ. ದಾಟಿದ ಮೇಲೆ ಮೊದಲು ಅಂಕೂದ್‌ನಲ್ಲಿ ಇಳಿಯಿರಿ. ಅಲ್ಲಿ ಈ ಇಗರ್ಜಿಗಳ ಮರದ ಮಾದರಿಗಳನ್ನಿಟ್ಟ ಒಂದು ಕೇಂದ್ರವಿದೆ. ಗೋಡೆಯ ಹಿಂದೆ ಕಂಬ, ತೊಲೆಗಳು ಹೇಗೆ ಕೂತಿವೆ ಅಂತ ಮಾದರಿಯಲ್ಲಿ ಗೊತ್ತಾಗುತ್ತದೆ, ನಿಜವಾದ ಕಟ್ಟಡದಲ್ಲಿ ಅದು ಮುಚ್ಚಿರುತ್ತದೆ. ಆಮೇಲೆ ದಾಲ್ಕಾವೆಗೆ ಹೋಗಿ, ಅಲ್ಲಿಂದ ಇನ್ನೊಂದು ಸಣ್ಣ ಫೆರಿ. ಕೆಲವೇ ನಿಮಿಷದಲ್ಲಿ ಕಿಂಚಾವೊ. ಡಿಸೆಂಬರ್‌ನಿಂದ ಮಾರ್ಚ್ ಅಲ್ಲಿನ ಬೇಸಿಗೆ. ಆದರೂ ಮಳೆಗೆ ಜಾಕೆಟ್ ಇರಲಿ.

ಆಚಾವೊ ಮುಟ್ಟಿದ ಕೂಡಲೇ ಒಳಗೆ ನುಗ್ಗಬೇಡಿ. ಸುತ್ತ ಒಂದು ಸುತ್ತು ಹಾಕಿ, ಬಗ್ಗಿ ಬುಡ ನೋಡಿ. ಇಲ್ಲಿನ ಇಗರ್ಜಿಗಳ ಮರ ನೆಲಕ್ಕೆ ತಾಗುವುದಿಲ್ಲ, ಕಲ್ಲಿನ ಮೇಲೆ ಕೂತಿರುತ್ತದೆ. ಇಷ್ಟು ಮಳೆ ಬೀಳುವ ಊರಲ್ಲಿ ಮರ ಉಳಿಯಬೇಕಾದರೆ ಮೊದಲು ಬುಡ ಒಣಗಿರಬೇಕು, ಅಲ್ವಾ? ಆಮೇಲೆ ಗೋಡೆ. ಸಣ್ಣ ಸಣ್ಣ ಮರದ ಬಿಲ್ಲೆಗಳನ್ನು ಒಂದರ ಮೇಲೊಂದು ಮೀನಿನ ಹುರುಪೆಯ ಹಾಗೆ ಹೊದಿಸಿದ್ದಾರೆ. ಇದಕ್ಕೆ ಅಲ್ಲಿ ತೆಹ್ವೇಲಾ ಅನ್ನುತ್ತಾರೆ. ಒಳ್ಳೆಯ ತೆಹ್ವೇಲಾ ಅಲೆರ್ಸೆ ಮರದ್ದು. ಹೊಸದಾಗಿ ಸೀಳಿದಾಗ ಕೆಂಪು, ಗಾಳಿ ಮಳೆ ತಾಗಿ ಬೂದು. ಕೆಂಪು ಕಂಡಲ್ಲಿ ಈಚೆಗೆ ರಿಪೇರಿ ಆಗಿದೆ ಅಂತ ತಿಳಿಯಿರಿ. 3,000 ವರ್ಷಕ್ಕೂ ಜಾಸ್ತಿ ಬದುಕುವ ಮರ ಅದು. 1976ರಿಂದ ಹಸಿ ಅಲೆರ್ಸೆ ಕಡಿಯುವಂತಿಲ್ಲ, ಸತ್ತ ಮರ ಮಾತ್ರ ಬಳಸಬಹುದು. ಹಾಗಾಗಿ ಒಂದೊಂದು ಬಿಲ್ಲೆಗೂ ಬೆಲೆಯಿದೆ.

ಈಗ ಒಳಗೆ ಬನ್ನಿ. ಕಣ್ಣು ಕತ್ತಲಿಗೆ ಹೊಂದಲಿ. ಮೊದಲು ಪೀಠ ನೋಡಬೇಡಿ, ಸಂದುಗಳನ್ನು ನೋಡಿ. ಕಟ್ಟಿದ ಕಾಲದಲ್ಲಿ ಕಬ್ಬಿಣ ಸಿಗುವುದೇ ಕಷ್ಟ. ಮರಕ್ಕೆ ಮರವನ್ನೇ ಕೂರಿಸಿ, ಮರದ ಗೂಟ ಬಡಿದು ನಿಲ್ಲಿಸಿದ್ದಾರೆ. ದೋಣಿ ಕಟ್ಟುವ ಕೈಗಳ ಕೆಲಸ ಇದು. ತಲೆಯೆತ್ತಿದರೆ ನಡುವಿನ ಕಮಾನು ಮಾಡಿನ ಹಲಗೆಗಳಲ್ಲೂ ಆ ಕೈ ಕಾಣುತ್ತದೆ. ಆಮೇಲೆ ಪೀಠದ ಹತ್ತಿರದ ತಿರುಚಿದ ಕಂಬಗಳ ಕೆತ್ತನೆಗೆ ಹೋಗಿ. ಮುಟ್ಟಬೇಡಿ. ಪೂಜೆ ನಡೆಯುವಾಗ ಫೋಟೊ ಬೇಡವೇ ಬೇಡ.

ಬೇರೆ ಸಣ್ಣ ಹಳ್ಳಿಗಳಲ್ಲಿ ಬಾಗಿಲು ಹಾಕಿರಬಹುದು. ಸುಮ್ನೆ ವಾಪಸ್ ಬರಬೇಡಿ, ಅಕ್ಕಪಕ್ಕದ ಮನೆಯಲ್ಲಿ ಬೀಗದ ಕೈ ಯಾರ ಹತ್ತಿರ ಇದೆ ಅಂತ ಮರ್ಯಾದೆಯಿಂದ ಕೇಳಿ. ಇದು ಹಳೆಯ ರೂಢಿ. ಪಾದ್ರಿಗಳು ದೋಣಿಯಲ್ಲಿ ದ್ವೀಪ ದ್ವೀಪ ಸುತ್ತಿ, ಒಂದೊಂದು ಊರಿಗೆ ವರ್ಷಕ್ಕೊಮ್ಮೆ ಬರುತ್ತಿದ್ದರು. ಉಳಿದ ದಿನ ಪ್ರಾರ್ಥನೆ ನಡೆಸಿ ಇಗರ್ಜಿ ನೋಡಿಕೊಂಡವರು ಊರಿನವರೇ ಆದ ಫಿಸ್ಕಾಲ್‌ಗಳು. 1767ರಲ್ಲಿ ಸ್ಪೇನಿನ ರಾಜ ಜೆಸ್ವಿಟರನ್ನು ಹೊರಹಾಕಿದ ಮೇಲೂ ಈ ಪದ್ಧತಿ ನಿಲ್ಲಲಿಲ್ಲ. ಈ ಕಟ್ಟಡಗಳು ಉಳಿದದ್ದು ಆ ಫಿಸ್ಕಾಲ್‌ಗಳಿಂದ ಅಂತ ನಾನು ಗಟ್ಟಿಯಾಗಿ ನಂಬುತ್ತೇನೆ. ಕಾಣಿಕೆ ಡಬ್ಬಿ ಕಂಡರೆ ಕೈಲಾದಷ್ಟು ಹಾಕಿ.

ಇನ್ನೂ ಸಮಯ ಉಳಿದರೆ ಅದೇ ದ್ವೀಪದ ಕಿಂಚಾವೊ ಹಳ್ಳಿಗೆ ಹೋಗಿ. ಅಲ್ಲಿನ ದೊಡ್ಡ ಇಗರ್ಜಿಯೂ ಈ 16ರಲ್ಲಿ ಒಂದು. ಅಲ್ಲೂ ಬುಡದಿಂದಲೇ ಶುರುಮಾಡಿ.