ಮುತ್ತಜ್ಜನ ಅಂಗಡಿಗೆ ಯಾವ ಬಣ್ಣ? ಅಮೆರಿಕದ ಊರು-ಮನೆಯ ಕಥೆಯನ್ನು ಚಿತ್ರದ ಪುಸ್ತಕ ಮಾಡುವುದು ಹೀಗೆ

ನಾನಿರುವುದು ಓಹಾಯೊದ ಒಂದು ಸಣ್ಣ ಊರು. ಇಲ್ಲಿನ ಇತಿಹಾಸ ಸಂಘದ ಕೋಣೆಯ ಬಾಗಿಲು ತೆರೆಯುವುದು ಶನಿವಾರ ಮಾತ್ರ. ಅಲ್ಲಿ ಸ್ಕ್ಯಾನರ್ ಮುಂದೆ ಕೂರುವ ಕೆಲಸ ನನ್ನದು. ಆಗಾಗ ಯಾರಾದರೂ ಸ್ವಂತ ಖರ್ಚಿನಲ್ಲಿ ಮಾಡಿಸಿದ ಚಿತ್ರದ ಪುಸ್ತಕ ಹಿಡಿದು ಬರುತ್ತಾರೆ. "ನಮ್ಮ ಮುತ್ತಜ್ಜನ ಕಥೆ, ಇಲ್ಲೊಂದು ಪ್ರತಿ ಇಟ್ಟುಕೊಳ್ಳಿ" ಅನ್ನುತ್ತಾರೆ. ಕಾಗದ ಚೆನ್ನಾಗಿರುತ್ತದೆ, ಚಿತ್ರ ಇನ್ನೂ ಚೆನ್ನಾಗಿರುತ್ತದೆ. ಪುಟ ತಿರುಗಿಸಿದರೆ ಕಮ್ಮಾರ ಮುತ್ತಜ್ಜ ಎಡಗೈಯಲ್ಲಿ ಸುತ್ತಿಗೆ ಹಿಡಿದಿರುತ್ತಾನೆ. ಮರದ ಅಂಗಡಿ ಕೆಂಪು ಇಟ್ಟಿಗೆಯದಾಗಿರುತ್ತದೆ. 1905ರ ಬೀದಿಯಲ್ಲಿ ಫೋರ್ಡ್ ಮಾಡೆಲ್ ಟಿ ನಿಂತಿರುತ್ತದೆ. ಆ ಕಾರು ಹುಟ್ಟಿದ್ದೇ 1908ರಲ್ಲಿ!

ಬರೆಯುವವರಿಗೆ ಒಂದು ಅನುಕೂಲ ಇದೆ. ಗೊತ್ತಿಲ್ಲದ್ದರ ಮುಂದೆ "ಇರಬಹುದು" ಅಂತ ಸೇರಿಸಿ ಮುಂದೆ ಹೋಗಬಹುದು. ಚಿತ್ರ ಬಿಡಿಸುವವರಿಗೆ ಅದಿಲ್ಲ. ಗೋಡೆ ಬಿಡಿಸಬೇಕಾದರೆ ಅದು ಮರದ್ದೋ ಇಟ್ಟಿಗೆಯದೋ ಅಂತ ತೀರ್ಮಾನ ಮಾಡಲೇಬೇಕು. ಮೊಮ್ಮಕ್ಕಳು ಓದುವುದನ್ನು ಮರೆತರೂ ನೋಡಿದ ಗೋಡೆಯನ್ನು ಮರೆಯುವುದಿಲ್ಲ. ಅದಕ್ಕೇ ಇಲ್ಲಿ ನಾನು ಹೇಳುವುದರಲ್ಲಿ ಕುಂಚದ ಕೆಲಸ ಕಡಿಮೆ, ಹುಡುಕುವ ಕೆಲಸ ಜಾಸ್ತಿ.

1. ಒಂದು ಬೀದಿ, ಒಂದು ವಾರ

ಇಡೀ ವಂಶಾವಳಿ ಬೇಡ. ಒಂದು ಜಾಗ, ಒಂದು ಕಾಲ ಆರಿಸಿಕೊಳ್ಳಿ. 1913ರ ಮಾರ್ಚ್‌ನಲ್ಲಿ ಪ್ರವಾಹ ಬಂದು ಡೇಟನ್ ಸೇರಿದಂತೆ ಓಹಾಯೊದ ಎಷ್ಟೋ ಊರುಗಳು ಮುಳುಗಿದವು. ಅದಕ್ಕೆ ಹಿಂದಿನ ವಾರ ನಿಮ್ಮವರ ಬೀದಿ ಹೇಗಿತ್ತು? ಇಷ್ಟೇ ವಿಷಯ ಒಂದು ಪುಸ್ತಕಕ್ಕೆ ಸಾಕು. 24 ಪುಟ ದಾಟಿಸಬೇಡಿ.

2. ಫೋಟೊಗಳನ್ನು ಕಾಪಾಡಿ

ಮೊದಲು ಸ್ಕ್ಯಾನ್. 600 ಡಿಪಿಐ (ಇಂಚಿಗೆ 600 ಚುಕ್ಕಿ), ಟಿಫ್ ಫೈಲ್. ಫೋಟೊದ ಹಿಂಬದಿಯನ್ನೂ ಮಾಡಿ. ಸ್ಟುಡಿಯೊ ಮುದ್ರೆ, ಅಜ್ಜಿಯ ಕೈಬರಹ ಎಲ್ಲ ಇರುವುದು ಅಲ್ಲೇ. ನೀವೇನಾದರೂ ಬರೆಯುವುದಿದ್ದರೆ ಮೆತ್ತನೆ ಪೆನ್ಸಿಲ್ ಬಳಸಿ. ಬಾಲ್‌ಪೆನ್ ಒತ್ತಿದರೆ ಮುಂದಿನ ಮುಖದಲ್ಲಿ ಅಚ್ಚು ಮೂಡುತ್ತದೆ.

ಪ್ಲಾಸ್ಟಿಕ್ ಹಾಳೆ ಎತ್ತಿ ಅಂಟಿಸುವ ಆಲ್ಬಂಗಳು ಗೊತ್ತಲ್ಲ? ಎಪ್ಪತ್ತರ ದಶಕದಲ್ಲಿ ಎಲ್ಲರ ಮನೆಯಲ್ಲೂ ಇದ್ದವು. ಫೋಟೊಗೆ ಅಷ್ಟು ಕೆಟ್ಟ ವಸ್ತು ಇನ್ನೊಂದಿಲ್ಲ. ಅಂಟು ಹಳದಿಯಾಗಿ ಫೋಟೊವನ್ನು ಕಚ್ಚಿಕೊಳ್ಳುತ್ತದೆ. ಕಿತ್ತು ತೆಗೆಯಬೇಡಿ. ಮೊದಲು ಇಡೀ ಪುಟವನ್ನೇ ಸ್ಕ್ಯಾನ್ ಮಾಡಿ. ಆಮೇಲೆ ಹಲ್ಲಿನ ಸಂದಿ ಉಜ್ಜುವ ದಾರವನ್ನು ಫೋಟೊ ಹಿಂದೆ ತೂರಿಸಿ ನಿಧಾನಕ್ಕೆ ಎಳೆಯಿರಿ. ಲ್ಯಾಮಿನೇಷನ್ ಅಂತೂ ಬೇಡವೇ ಬೇಡ. ಒಬ್ಬರು ಪ್ರೀತಿಯಿಂದ ಮುತ್ತಜ್ಜಿಯ ಮದುವೆ ಪತ್ರಕ್ಕೇ ಲ್ಯಾಮಿನೇಷನ್ ಮಾಡಿಸಿ ತಂದಿದ್ದರು. ಅದನ್ನು ಇನ್ನು ಬಿಡಿಸಲು ಆಗುವುದಿಲ್ಲ.

3. ಹೆಸರು, ವಿಳಾಸ ಖಚಿತ ಮಾಡಿಕೊಳ್ಳಿ

ಅಮೆರಿಕದ ಜನಗಣತಿ ಹಾಳೆಗಳು 72 ವರ್ಷದ ನಂತರ ಎಲ್ಲರಿಗೂ ತೆರೆಯುತ್ತವೆ. 1950ರದ್ದು 2022ರ ಏಪ್ರಿಲ್‌ನಲ್ಲಿ ಬಂತು. 1890ರದ್ದನ್ನು ಹುಡುಕಿ ದಿನ ಕಳೆಯಬೇಡಿ. 1921ರ ಬೆಂಕಿಯಿಂದಾಗಿ ಅದು ಹೆಚ್ಚುಕಡಿಮೆ ಪೂರ್ತಿ ಹೋಯಿತು. ಕಾಗುಣಿತ ಎಲ್ಲದರಲ್ಲೂ ಬೇರೆ ಬೇರೆ ಇರುತ್ತದೆ, ಗಾಬರಿ ಬೇಡ. ಅಂದಹಾಗೆ, "ನಮ್ಮ ಹೆಸರನ್ನು ಎಲ್ಲಿಸ್ ದ್ವೀಪದ ಗುಮಾಸ್ತ ಬದಲಾಯಿಸಿದ" ಅನ್ನುವ ದೃಶ್ಯ ಪ್ರತಿ ಎರಡನೇ ಪುಸ್ತಕದಲ್ಲಿ ಇರುತ್ತದೆ. ಎಲ್ಲಿಸ್ ಅಂದರೆ ಹಡಗಿನಲ್ಲಿ ಬಂದ ವಲಸಿಗರನ್ನು ತಪಾಸಣೆ ಮಾಡುತ್ತಿದ್ದ ನ್ಯೂಯಾರ್ಕ್ ಬಂದರಿನ ದ್ವೀಪ. ಹಡಗಿನ ಪ್ರಯಾಣಿಕರ ಪಟ್ಟಿಯನ್ನು ಬರೆಯುತ್ತಿದ್ದದ್ದು ಹೊರಟ ಬಂದರಿನಲ್ಲಿ. ಎಲ್ಲಿಸ್‌ನವರು ಅದನ್ನು ಓದಿ ಸರಿನೋಡುತ್ತಿದ್ದರು ಅಷ್ಟೇ. ಆ ಪುಟ ಕೈಬಿಡಿ.

4. ಬೀದಿಯನ್ನು ಮತ್ತೆ ಕಟ್ಟುವುದು

ಎಲ್ಲರೂ ಎಡವುವುದು ಇಲ್ಲೇ. ನಿಧಾನವಾಗಿ ಓದಿ.

ಸ್ಯಾನ್‌ಬೋರ್ನ್ ಅಂತ ಒಂದು ನಕ್ಷೆ ಕಂಪನಿ ಇತ್ತು, 1867ರಲ್ಲಿ ಶುರುವಾದದ್ದು. ಬೆಂಕಿ ವಿಮೆಯವರಿಗಾಗಿ ಅಮೆರಿಕದ ಊರೂರಿನ ನಕ್ಷೆ ಮಾಡುತ್ತಿತ್ತು. ಯಾವ ಕಟ್ಟಡ ಎಷ್ಟು ಬೇಗ ಹೊತ್ತಿಕೊಳ್ಳುತ್ತದೆ ಅನ್ನುವುದು ವಿಮೆಯವರ ಚಿಂತೆ. ನಮಗೆ ಬೇಕಾದದ್ದೂ ಅದೇ ವಿವರ. ಹಳದಿ ಬಣ್ಣ ಇದ್ದರೆ ಮರದ ಕಟ್ಟಡ, ಗುಲಾಬಿ ಇದ್ದರೆ ಇಟ್ಟಿಗೆ, ನೀಲಿ ಕಲ್ಲು, ಬೂದು ಕಬ್ಬಿಣ. ಒಳಗೆ ಬರೆದ ಅಂಕಿ ಎಷ್ಟು ಅಂತಸ್ತು ಅಂತ ಹೇಳುತ್ತದೆ. "ಎಸ್" ಅಂದರೆ ಅಂಗಡಿ, "ಡಿ" ಅಂದರೆ ವಾಸದ ಮನೆ. ಸಣ್ಣ ಗುಣಾಕಾರದ ಗುರುತು ಇದ್ದರೆ ಚಾವಣಿಗೆ ಶಿಂಗಲ್ ಹೊದಿಸಿದ್ದಾರೆ ಅಂತ. ಇದು ನಮ್ಮ ಮಂಗಳೂರು ಹೆಂಚಲ್ಲ, ಮರದ ತೆಳು ಬಿಲ್ಲೆಗಳು. ಸಾಮಾನ್ಯವಾಗಿ ಮೂಲ ಹಾಳೆಯಲ್ಲಿ 1 ಇಂಚು ಅಂದರೆ 50 ಅಡಿ. ಅರ್ಧ ಇಂಚಿನ ಅಂಗಡಿಯ ಮುಂಭಾಗ 25 ಅಡಿ ಅಂತಾಯಿತು. ಕಂಪ್ಯೂಟರ್ ಪರದೆ ಮೇಲೆ ಸ್ಕೇಲ್ ಇಟ್ಟು ಅಳೆಯಬೇಡಿ. ಹಾಳೆಯಲ್ಲೇ ಅಳತೆಪಟ್ಟಿ ಅಚ್ಚಾಗಿರುತ್ತದೆ, ಅದನ್ನು ನೋಡಿ.

ಇದರಲ್ಲಿ ಎಡವಿ ಬೀಳಲು ಎರಡು ಗುಂಡಿಗಳಿವೆ. ಮೈಕ್ರೋಫಿಲ್ಮ್‌ನಿಂದ ತೆಗೆದ ನಕ್ಷೆಗಳು ಕಪ್ಪು-ಬಿಳುಪು. ಇಟ್ಟಿಗೆ ಯಾವುದು, ಮರ ಯಾವುದು ಗೊತ್ತಾಗುವುದೇ ಇಲ್ಲ. ಮೇಲೆ ಹೇಳಿದ ಕೆಂಪು ಅಂಗಡಿ ಹುಟ್ಟಿದ್ದು ಹೀಗೆಯೇ. ಅಮೆರಿಕ ಸಂಸತ್ತಿನ ಗ್ರಂಥಾಲಯವಾದ ಲೈಬ್ರರಿ ಆಫ್ ಕಾಂಗ್ರೆಸ್ ಜಾಲತಾಣದಲ್ಲಿ ಬಣ್ಣದ ಹಾಳೆಗಳು ಪುಕ್ಕಟೆ ಸಿಗುತ್ತವೆ, ಅವನ್ನೇ ಬಳಸಿ. ಇನ್ನೊಂದು ಗುಂಡಿ ಹಾಳೆ ಮೇಲಿನ ವರ್ಷ. ಊರು ಬದಲಾದಾಗ ಕಂಪನಿ ಸಣ್ಣ ಚೀಟಿ ಕಳಿಸುತ್ತಿತ್ತು, ಅದನ್ನು ಹಳೆ ಹಾಳೆ ಮೇಲೆ ಅಂಟಿಸುತ್ತಿದ್ದರು. ಹಾಗಾಗಿ ಕೆಲವು ಪ್ರತಿಗಳಲ್ಲಿ ಮೊದಲ ಪುಟದಲ್ಲಿ ಒಂದು ವರ್ಷ, ಒಳಗೆ ಎಷ್ಟೋ ವರ್ಷ ಆಮೇಲಿನ ಕಟ್ಟಡ. ಅಂಟಿಸಿದ ಅಂಚು ಕಾಣುತ್ತದಾ ಅಂತ ದೊಡ್ಡದು ಮಾಡಿ ನೋಡಿ. ನಿಮ್ಮ ವರ್ಷದ ಹಿಂದಿನ ನಕ್ಷೆಯಲ್ಲೂ ಮುಂದಿನದರಲ್ಲೂ ಒಂದೇ ಕಟ್ಟಡ ಇದ್ದರೆ ಧೈರ್ಯವಾಗಿ ಬಿಡಿಸಿ. ಮುಂದಿನದರಲ್ಲಿ ಮಾತ್ರ ಇದ್ದರೆ ಹಳೆ ಪತ್ರಿಕೆ ಹುಡುಕಬೇಕು. ಕ್ರಾನಿಕ್ಲಿಂಗ್ ಅಮೆರಿಕ ಅನ್ನುವ ಸಂಗ್ರಹದಲ್ಲಿ ಅಂಗಡಿಯ ಜಾಹೀರಾತೇ ಸಿಕ್ಕರೂ ಸಿಗಬಹುದು.

ಈಗ ಎಡಗೈ ಕಮ್ಮಾರನ ವಿಷಯ. ಟಿನ್‌ಟೈಪ್ ಅಂತ ಹಳೆ ಫೋಟೊ ಇವೆ, ತೆಳು ಕಬ್ಬಿಣದ ತಗಡಿನ ಮೇಲೆ ಮೂಡಿದವು. ಹೆಸರು ಟಿನ್ ಆದರೂ ಅಯಸ್ಕಾಂತ ಹಿಡಿದರೆ ಎಳೆಯುತ್ತದೆ, ಗುರುತು ಹಿಡಿಯಲು ಅದೇ ಸುಲಭ ದಾರಿ. ಇದಕ್ಕೆ ನೆಗೆಟಿವ್ ಇಲ್ಲ. ಕನ್ನಡಿಯಲ್ಲಿ ಕಂಡಂತೆ ಎಡ-ಬಲ ತಿರುಗಿರುತ್ತದೆ. ಬಿಲ್ಲಿ ದ ಕಿಡ್ ಅನ್ನುವ ಕುಖ್ಯಾತ ಬಂದೂಕುಗಾರನನ್ನು ಜನ ಬಹುಕಾಲ ಎಡಚ ಅಂತಲೇ ನಂಬಿದ್ದರು, ಇಂಥ ಒಂದೇ ಒಂದು ಫೋಟೊ ನೋಡಿಕೊಂಡು. ಆಮೇಲೆ ಅವನ ಕೈಲಿದ್ದ ವಿಂಚೆಸ್ಟರ್ ಬಂದೂಕನ್ನು ಗಮನಿಸಿದರು. ಗುಂಡು ತುಂಬುವ ಕಿಂಡಿ ಬಲಗಡೆ ಇರಬೇಕಾದದ್ದು ಎಡಗಡೆ ಕಾಣುತ್ತಿತ್ತು! ನೀವು ಕೋಟಿನ ಗುಂಡಿ, ಮದುವೆ ಉಂಗುರ, ಹಿಂದಿನ ಬೋರ್ಡಿನ ಅಕ್ಷರ ನೋಡಿ. ತಿರುಗಿದೆ ಅನಿಸಿದರೆ ಸ್ಕ್ಯಾನ್ ಮಾಡಿದ ಫೋಟೊವನ್ನು ಎಡ-ಬಲ ಮಗುಚಿ, ಆಮೇಲೆ ಪೆನ್ಸಿಲ್ ಹಿಡಿಯಿರಿ.

ಬಣ್ಣದ ವಿಷಯದಲ್ಲಿ ನಾನು ಸ್ವಲ್ಪ ಹಟಮಾರಿ. ಹಳೆ ಫೋಟೊ ಪ್ಲೇಟುಗಳಿಗೆ ನೀಲಿ ಬೆಳಕು ಚೆನ್ನಾಗಿ ಕಾಣುತ್ತಿತ್ತು, ಕೆಂಪು ಹೆಚ್ಚುಕಡಿಮೆ ಕಾಣುತ್ತಲೇ ಇರಲಿಲ್ಲ. ಅದಕ್ಕೇ ಆಕಾಶ ಸುಣ್ಣ ಬಳಿದಂತೆ ಬೆಳ್ಳಗೆ. ಅಜ್ಜಿಯ "ಕಪ್ಪು" ಲಂಗ ಕೆಂಪಿದ್ದಿರಬಹುದು, "ಬಿಳಿ" ರವಿಕೆ ತಿಳಿನೀಲಿ ಇದ್ದಿರಬಹುದು. ಬಣ್ಣ ಹಚ್ಚುವ ಆ್ಯಪ್‌ಗಳು ಇದನ್ನೆಲ್ಲ ಯೋಚಿಸುವುದಿಲ್ಲ, ಸುಮ್ನೆ ಎಲ್ಲದಕ್ಕೂ ಕಂದು ಬಳಿಯುತ್ತವೆ. ಬಣ್ಣದ ಪೋಸ್ಟ್‌ಕಾರ್ಡನ್ನೂ ನಂಬಬೇಡಿ. ಮೊದಲ ಮಹಾಯುದ್ಧಕ್ಕೆ ಮುಂಚೆ ಅವು ಎಷ್ಟೋ ಅಚ್ಚಾಗುತ್ತಿದ್ದದ್ದು ಜರ್ಮನಿಯಲ್ಲಿ. ಬಣ್ಣ ಹಾಕಿದವನು ಓಹಾಯೊ ಕಂಡವನಲ್ಲ. ಅಂದ ಕೆಡುತ್ತದೆ ಅಂತ ತಂತಿಗಳನ್ನೂ ಅಳಿಸಿಬಿಡುತ್ತಿದ್ದರು. ಫೋಟೊ ಕಾಗದದಲ್ಲೇ ಮುದ್ರಿಸಿದ ಕಾರ್ಡು ಇದಕ್ಕಿಂತ ಎಷ್ಟೋ ವಾಸಿ. ಅದರ ಹಿಂಬದಿಯಲ್ಲಿ ವಿಳಾಸದ ಜಾಗಕ್ಕೂ ಒಕ್ಕಣೆಯ ಜಾಗಕ್ಕೂ ನಡುವೆ ಗೆರೆ ಇದ್ದರೆ 1907ರ ನಂತರದ್ದು ಅಂತ ಹಿಡಿಯಿರಿ. ಅಂಚೆ ಮುದ್ರೆ ಕಳಿಸಿದ ದಿನ ಹೇಳುತ್ತದೆ, ಫೋಟೊ ತೆಗೆದ ದಿನವನ್ನಲ್ಲ.

ಬಣ್ಣಕ್ಕೆ ಸಾಕ್ಷಿ ಇಲ್ಲ ಅಂದರೆ ಬೂದು ಬಣ್ಣದಲ್ಲೇ ಬಿಡಿ. ಪತ್ರದಲ್ಲಿ "ಹಸಿರು ಬಾಗಿಲು" ಅಂತ ಇದ್ದರೆ ಬಾಗಿಲಿಗೆ ಮಾತ್ರ ಹಸಿರು. ಉಳಿದ ಬೀದಿಯೆಲ್ಲ ಬೂದು, ಒಂದು ಬಾಗಿಲು ಹಸಿರು. ನೋಡಲು ಚೆಂದವೇ ಇರುತ್ತದೆ, ಹಚ್ಚಿ ನೋಡಿ.

ಪಕ್ಕದಲ್ಲೊಂದು ನೋಟ್‌ಬುಕ್ ಇರಲಿ. "ಪುಟ 7, ಚಾವಣಿ: ನಕ್ಷೆ. ಕಿಟಕಿ: ಪ್ರವಾಹದ ಪೋಸ್ಟ್‌ಕಾರ್ಡ್. ನಾಯಿ: ನನ್ನ ಊಹೆ." ಹೀಗೆ ಬರೆಯುತ್ತಾ ಹೋಗಿ. ಊಹೆಯ ಭಾಗವನ್ನು ಚಿತ್ರದಲ್ಲೂ ಚುಕ್ಕಿಗೆರೆಯಲ್ಲೇ ಬಿಡಿಸುವುದು ನನ್ನ ಪದ್ಧತಿ.

ನಮ್ಮವರಿಗೆ ಒಂದು ಮಾತು

1965ರ ವಲಸೆ ಕಾನೂನಿನ ನಂತರ ಇಲ್ಲಿಗೆ ಬಂದ ಕನ್ನಡದವರ ಮನೆಗಳಲ್ಲೂ ಈಗ ಮೊಮ್ಮಕ್ಕಳಿದ್ದಾರೆ. ನಿಮ್ಮ ಅಮೆರಿಕದ ಕಥೆಗೆ ಒಳ್ಳೆಯ ಸಾಕ್ಷಿ ಅಮೆರಿಕದಲ್ಲಿಲ್ಲ, ಊರಿನ ಟ್ರಂಕಿನಲ್ಲಿದೆ. ಇಲ್ಲಿಂದ ಬರೆದ ನೀಲಿ ಏರೋಗ್ರಾಮ್‌ಗಳನ್ನು ಅಲ್ಲಿ ಅಮ್ಮ ಎತ್ತಿಟ್ಟಿರುತ್ತಾರೆ. ಮನೆ ಬಾಡಿಗೆ, ಮೊದಲ ಹಿಮ, ಸೆಕೆಂಡ್‌ಹ್ಯಾಂಡ್ ಕಾರಿನ ಬಣ್ಣ, ಎಲ್ಲಾ ಅದರಲ್ಲಿ ಇರುತ್ತದೆ. ಈ ಸಲ ಊರಿಗೆ ಹೋದಾಗ ಅಟ್ಟ ನೋಡಿ. ಹಿರಿಯರನ್ನು "ನಿಮ್ಮ ಜೀವನದ ಬಗ್ಗೆ ಹೇಳಿ" ಅಂತ ಕೇಳಿದರೆ "ಏನಿದೆ ಹೇಳೋಕೆ" ಅಂದುಬಿಡುತ್ತಾರೆ. "ಆ ಕೋಟು ಎಲ್ಲಿ ತಗೊಂಡ್ರಿ?" ಅಂತ ಫೋಟೊ ಮುಂದಿಟ್ಟು ಕೇಳಿ, ಒಂದು ಗಂಟೆ ಮಾತು ಗ್ಯಾರಂಟಿ.

5. ಬಿಡಿಸುವುದು

ಕೈ ಪಳಗಿಲ್ಲ ಅಂದರೆ ಟ್ರೇಸ್ ಮಾಡಿ, ನಾಚಿಕೆ ಬೇಡ. ಹತ್ತಿಯಿಂದ ಮಾಡಿದ, ಆ್ಯಸಿಡ್ ಇಲ್ಲದ ಕಾಗದ ತನ್ನಿ. ಇಂಕು ಪಿಗ್ಮೆಂಟ್‌ದೇ ಆಗಬೇಕು. ಎಷ್ಟೋ ಮಾರ್ಕರ್ ಪೆನ್ನುಗಳ ಬಣ್ಣ ಬಿಸಿಲಿಗೆ ಬಿಳಚಿಕೊಳ್ಳುತ್ತದೆ, ಡಬ್ಬಿಯ ಮೇಲೆ ಏನೇ ಬರೆದಿರಲಿ. ಕಟ್ಟಡ ಹೇಗೆ ಬಿಡಿಸಬೇಕು ಅಂತ ಕಲಿಯಲು ಹಿಸ್ಟಾರಿಕ್ ಅಮೆರಿಕನ್ ಬಿಲ್ಡಿಂಗ್ಸ್ ಸರ್ವೆ ಅನ್ನುವ ಹಳೆ ಕಟ್ಟಡಗಳ ದಾಖಲೆ ನೋಡಿ. ಮಹಾ ಆರ್ಥಿಕ ಕುಸಿತದಲ್ಲಿ ಕೆಲಸ ಕಳೆದುಕೊಂಡ ವಾಸ್ತುಶಿಲ್ಪಿಗಳಿಗಾಗಿ 1933ರಲ್ಲಿ ಸರ್ಕಾರ ಶುರು ಮಾಡಿದ್ದು. ಅಳೆದು ಬಿಡಿಸಿದ ಆ ನಕ್ಷೆಗಳೂ ಲೈಬ್ರರಿ ಆಫ್ ಕಾಂಗ್ರೆಸ್‌ನಲ್ಲೇ ಇವೆ. ನಿಮ್ಮ ಕೌಂಟಿಯ ಹಳೆ ಸೇತುವೆಯೋ ಗಿರಣಿಯೋ ಅದರಲ್ಲಿ ಸಿಕ್ಕರೆ ಅರ್ಧ ಕೆಲಸ ಮುಗಿದಂತೆ.

6. ಹಕ್ಕು, ಅಚ್ಚು

ಅಮೆರಿಕದಲ್ಲಿ ಪ್ರಕಟವಾಗಿ 95 ವರ್ಷ ದಾಟಿದ ಚಿತ್ರಗಳನ್ನು ಯಾರು ಬೇಕಾದರೂ ಬಳಸಬಹುದು. ಕೇಂದ್ರ ಸರ್ಕಾರದ ನೌಕರರು ಕೆಲಸದ ಭಾಗವಾಗಿ ತೆಗೆದ ಫೋಟೊಗಳೂ ಹಾಗೆಯೇ. ಆದರೆ ನಿಮ್ಮ ಅಪ್ಪ-ಅಮ್ಮನ ಸ್ಟುಡಿಯೊ ಫೋಟೊ ನಿಮ್ಮ ಕೈಯಲ್ಲಿದೆ ಅಂದ ಮಾತ್ರಕ್ಕೆ ಅಚ್ಚು ಹಾಕುವ ಹಕ್ಕು ನಿಮ್ಮದಲ್ಲ. ಕೇಳಿಕೊಳ್ಳಿ.

ಮಧ್ಯಕ್ಕೆ ಪಿನ್ ಹೊಡೆಸುವ ಪುಸ್ತಕದ ಪುಟಗಳ ಲೆಕ್ಕ ನಾಲ್ಕರಿಂದ ಭಾಗವಾಗಬೇಕು. ಎರಡು ಪುಟಕ್ಕೆ ಹರಡಿದ ಚಿತ್ರದಲ್ಲಿ ಯಾರ ಮುಖವೂ ನಡುವಿನ ಮಡಿಕೆಗೆ ಬೀಳದ ಹಾಗೆ ನೋಡಿಕೊಳ್ಳಿ.

ಒಂದು ಪ್ರತಿ ಊರಿನ ಗ್ರಂಥಾಲಯಕ್ಕೆ, ಒಂದು ಇತಿಹಾಸ ಸಂಘಕ್ಕೆ. ಪುಸ್ತಕದ ಜೊತೆ ಆ ನೋಟ್‌ಬುಕ್ಕನ್ನೂ ಕೊಡಿ. ಪುಸ್ತಕ ತರುವವರೆಲ್ಲ ಅದನ್ನು ಮನೆಯಲ್ಲೇ ಬಿಟ್ಟು ಬರುತ್ತಾರೆ, ನಾನು ಮತ್ತೆ ಫೋನ್ ಮಾಡಿ ತರಿಸಿಕೊಳ್ಳಬೇಕಾಗುತ್ತದೆ.