ತೆರಿಗೆ ಇಲಾಖೆಗಳ ಮೇಲಿನ ಸಿಎಜಿ ವರದಿಯನ್ನು ಓದುವುದು ಹೇಗೆ?

ವಿಧಾನಸಭೆಯಲ್ಲೋ ಸಂಸತ್ತಿನಲ್ಲೋ ಸಿಎಜಿ (ಸರ್ಕಾರದ ಲೆಕ್ಕಗಳನ್ನು ಪರಿಶೋಧಿಸುವ ಭಾರತದ ನಿಯಂತ್ರಕರು ಮತ್ತು ಮಹಾಲೆಕ್ಕ ಪರಿಶೋಧಕರು) ವರದಿ ಮಂಡನೆಯಾದ ಸಂಜೆಯೇ ಅದರೊಳಗಿನ ಅತಿ ದೊಡ್ಡ ಮೊತ್ತವನ್ನು ಹೆಕ್ಕಿ ‘ಇಷ್ಟು ಕೋಟಿ ಗುಳುಂ’ ಎಂದು ಹಂಚುವುದು ವಾಡಿಕೆಯಾಗಿಬಿಟ್ಟಿದೆ. ಮಾರನೆಯ ದಿನ ಇಲಾಖೆಯವರು ‘ನಷ್ಟವೇ ಆಗಿಲ್ಲ’ ಎಂದು ಸ್ಪಷ್ಟನೆ ಕೊಡುತ್ತಾರೆ. ಹಲವು ಬಾರಿ ಇಬ್ಬರೂ ಒಂದೇ ಕಂಡಿಕೆಯ (ವರದಿಯ ಸಂಖ್ಯೆ ಹಾಕಿದ ಪ್ಯಾರಾದ) ಬೇರೆ ಬೇರೆ ಸಾಲುಗಳನ್ನು ಹಿಡಿದುಕೊಂಡಿರುತ್ತಾರೆ. ವ್ಯಾಪಾರಿ ಸಂಘಗಳ ಪದಾಧಿಕಾರಿಗಳು, ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರು, ಪತ್ರಿಕಾ ವೃತ್ತಿಯ ಕಿರಿಯರು ಇಲ್ಲೇ ಎಡವುವುದನ್ನು ನೋಡುತ್ತ ಬಂದಿರುವುದರಿಂದ ಓದಿನ ಕ್ರಮವನ್ನು ಹಂತ ಹಂತವಾಗಿ ಬರೆದಿದ್ದೇನೆ.

ಹಂತ 1: ಸರಿಯಾದ ವರದಿಯನ್ನು ಇಳಿಸಿಕೊಳ್ಳಿ

ಸಂವಿಧಾನದ 151ನೇ ವಿಧಿಯ ಪ್ರಕಾರ ಕೇಂದ್ರದ ಲೆಕ್ಕಗಳ ವರದಿ ರಾಷ್ಟ್ರಪತಿಯವರ ಮೂಲಕ ಸಂಸತ್ತಿಗೂ ರಾಜ್ಯದ ವರದಿ ರಾಜ್ಯಪಾಲರ ಮೂಲಕ ವಿಧಾನಮಂಡಲಕ್ಕೂ ಹೋಗುತ್ತದೆ. ಕಸ್ಟಮ್ಸ್ ಮತ್ತು ಕೇಂದ್ರ ಜಿಎಸ್‌ಟಿ ಬೇಕಿದ್ದರೆ ಕೇಂದ್ರದ ವರದಿಯನ್ನು, ರಾಜ್ಯ ಜಿಎಸ್‌ಟಿ, ಅಬಕಾರಿ, ಮುದ್ರಾಂಕ ಮತ್ತು ಮೋಟಾರು ವಾಹನ ತೆರಿಗೆ ಬೇಕಿದ್ದರೆ ಕರ್ನಾಟಕದ ವರದಿಯನ್ನು ತೆರೆಯಬೇಕು. ಜಿಎಸ್‌ಟಿಯಲ್ಲಿ ಒಂದು ತೊಡಕಿದೆ. ವಾರ್ಷಿಕ ವಹಿವಾಟು ₹1.5 ಕೋಟಿಗಿಂತ ಕಡಿಮೆಯಿರುವ ತೆರಿಗೆದಾರರಲ್ಲಿ ಶೇ 90ರಷ್ಟು ಮಂದಿಯ ಆಡಳಿತವನ್ನು ರಾಜ್ಯಕ್ಕೂ, ಅದಕ್ಕಿಂತ ಹೆಚ್ಚಿನ ವಹಿವಾಟಿನವರನ್ನು ಕೇಂದ್ರ ಮತ್ತು ರಾಜ್ಯಕ್ಕೆ ಅರ್ಧರ್ಧವೂ ಹಂಚಲಾಗಿದೆ. ಆದ್ದರಿಂದ ಒಂದೇ ಬೀದಿಯ ಎರಡು ಅಂಗಡಿಗಳ ಕಡತಗಳು ಎರಡು ಬೇರೆ ವರದಿಗಳ ವ್ಯಾಪ್ತಿಗೆ ಬರಬಹುದು.

ವಾಟ್ಸ್‌ಆ್ಯಪಿನಲ್ಲಿ ಬರುವ ಬಣ್ಣದ ಕಾರ್ಡುಗಳನ್ನೂ ‘ಹತ್ತು ಅಂಶಗಳಲ್ಲಿ ಸಿಎಜಿ ವರದಿ’ ಎಂಬ ಪಿಡಿಎಫ್‌ಗಳನ್ನೂ ಓದದೆ ಅಳಿಸಿಹಾಕಿ. ಅವುಗಳಲ್ಲಿ ಇಲಾಖೆಯ ಉತ್ತರ ಇರುವುದೇ ಇಲ್ಲ.

ಹಂತ 2: ಮೊದಲ ಅಧ್ಯಾಯವನ್ನು ತಿರುವಿಹಾಕಿ

ರಾಜಸ್ವದ ಏರಿಳಿತ, ಬಾಕಿ, ನಕ್ಷೆಗಳು ಇಲ್ಲಿರುತ್ತವೆ. ಹತ್ತು ನಿಮಿಷ ಸಾಕು.

ಹಂತ 3: ಮಾದರಿಯ ಗಾತ್ರವನ್ನು ಗುರುತು ಹಾಕಿಕೊಳ್ಳಿ

ಲೆಕ್ಕ ಪರಿಶೋಧಕರು ಎಲ್ಲ ಕಡತಗಳನ್ನೂ ನೋಡುವುದಿಲ್ಲ. ಕಚೇರಿಗಳನ್ನೂ ಪ್ರಕರಣಗಳನ್ನೂ ಅಪಾಯದ ಪ್ರಮಾಣಕ್ಕೆ ತಕ್ಕಂತೆ ಆಯ್ದುಕೊಳ್ಳುತ್ತಾರೆ. ಹೀಗೆ ಆರಿಸಿದ ಪ್ರಕರಣಗಳಲ್ಲಿ ಶೇ 20ರಷ್ಟು ದೋಷ ಕಂಡರೆ ರಾಜ್ಯದ ಎಲ್ಲ ವ್ಯಾಪಾರಿಗಳಲ್ಲೂ ಶೇ 20ರಷ್ಟು ದೋಷವಿದೆ ಎಂದು ಬರೆಯುವುದು ತಪ್ಪು, ಏಕೆಂದರೆ ಅನುಮಾನವಿದ್ದ ಕಡೆಯೇ ಹುಡುಕಿದ್ದಾರೆ. ಕರ್ನಾಟಕದ ವರದಿಯಾದರೆ ಯಾವ ಎಲ್‌ಜಿಎಸ್‌ಟಿಒಗಳನ್ನು (ಸ್ಥಳೀಯ ಜಿಎಸ್‌ಟಿ ಕಚೇರಿಗಳನ್ನು), ಹಳೆಯ ವ್ಯಾಟ್ ಕಾಲದ್ದಾದರೆ ಯಾವ ಎಲ್‌ವಿಒಗಳನ್ನು (ಸ್ಥಳೀಯ ವ್ಯಾಟ್ ಕಚೇರಿಗಳನ್ನು) ನೋಡಿದ್ದಾರೆ ಎಂಬುದನ್ನು ಅಡಿಟಿಪ್ಪಣಿಯಲ್ಲಿ ಹುಡುಕಿ.

ಹಂತ 4: ಒಂದು ಕಂಡಿಕೆಯನ್ನು ಬಿಡಿಸಿ ಓದಿ

ಎಡವಟ್ಟುಗಳೆಲ್ಲ ಆಗುವುದು ಇಲ್ಲಿಯೇ, ಹೀಗಾಗಿ ಇಲ್ಲಿ ನಿಧಾನಿಸಬೇಕು. ಮುದ್ರಿಸಿಕೊಂಡು ಪೆನ್ಸಿಲ್ ಹಿಡಿದೇ ಓದಿ. ಮೊಬೈಲ್ ಪರದೆಯಲ್ಲಿ ಕೋಷ್ಟಕದ ಬಲ ಮೂಲೆಯಲ್ಲಿ ಸಣ್ಣದಾಗಿ ಅಚ್ಚಾದ ‘₹ ಕೋಟಿಗಳಲ್ಲಿ’ ಅಥವಾ ‘₹ ಲಕ್ಷಗಳಲ್ಲಿ’ ಎಂಬ ಸಾಲು ತಪ್ಪಿಹೋಗುತ್ತದೆ, ಅದು ತಪ್ಪಿದರೆ ಉಳಿದದ್ದೆಲ್ಲ ನೂರು ಪಟ್ಟು ತಪ್ಪುತ್ತದೆ.

ಅನುಸರಣೆಯ, ಅಂದರೆ ನಿಯಮ ಪಾಲನೆಯಾಗಿದೆಯೇ ಎಂದು ನೋಡುವ, ಕಂಡಿಕೆಗಳಿಗೆ ಸಾಮಾನ್ಯವಾಗಿ ಐದು ಅಂಗಗಳಿರುತ್ತವೆ: ನಿಯಮ ಏನು ಹೇಳುತ್ತದೆ, ಕಡತದಲ್ಲಿ ಏನು ಕಂಡಿತು, ಎಷ್ಟು ಹಣದ ವಿಷಯ, ಇಲಾಖೆ ಯಾವ ತಿಂಗಳಲ್ಲಿ ಏನೆಂದು ಉತ್ತರಿಸಿತು, ಆ ಉತ್ತರವನ್ನು ಪರಿಶೋಧಕರು ಒಪ್ಪಿದರೇ ಇಲ್ಲವೇ. ಬಹುತೇಕರು ಮೂರನೆಯದರಲ್ಲೇ ನಿಂತುಬಿಡುತ್ತಾರೆ. ನಾಲ್ಕನೆಯದರಿಂದ ಹಿಂದಕ್ಕೆ ಓದಬೇಕೆಂಬುದು ನನ್ನ ಖಚಿತ ಅಭಿಪ್ರಾಯ. ಜಗಳ ಎಲ್ಲಿದೆಯೆಂದು ಮೊದಲೇ ತಿಳಿದರೆ ನಿಯಮದ ಭಾಗವನ್ನು ಎಷ್ಟು ಎಚ್ಚರದಿಂದ ಓದಬೇಕೆಂಬುದೂ ತಿಳಿಯುತ್ತದೆ.

ವಿವರಣೆಗಾಗಿ ಒಂದು ಕಾಲ್ಪನಿಕ ಕಂಡಿಕೆಯನ್ನು ತೆಗೆದುಕೊಳ್ಳೋಣ. ಒಂದು ಬಂದರಿನಲ್ಲಿ ಶೇ 10ರ ಸುಂಕ ಕಟ್ಟಬೇಕಾದ ಸರಕನ್ನು ಶೇ 5ರ ಶೀರ್ಷಿಕೆಯಡಿ ವರ್ಗೀಕರಿಸಿ ಬಿಡುಗಡೆ ಮಾಡಿದ್ದರಿಂದ, 40 ಬಿಲ್ ಆಫ್ ಎಂಟ್ರಿಗಳಲ್ಲಿ (ಆಮದುದಾರ ಸಲ್ಲಿಸುವ ಸರಕಿನ ಘೋಷಣಾ ಪತ್ರಗಳಲ್ಲಿ) ಒಟ್ಟು ₹12 ಕೋಟಿ ಸುಂಕ ಕಡಿಮೆ ವಿಧಿಸಲಾಗಿದೆ ಎಂಬುದು ಆಕ್ಷೇಪ. ಇಲಾಖೆ ₹5 ಕೋಟಿಯಷ್ಟನ್ನು ಒಪ್ಪಿಕೊಂಡು, ಅದರಲ್ಲಿ ₹4 ಕೋಟಿಗೆ ಶೋಕಾಸ್ ನೋಟಿಸ್ (ಬಾಕಿ ಸುಂಕವನ್ನು ಏಕೆ ವಸೂಲು ಮಾಡಬಾರದೆಂದು ಕೇಳುವ ಬೇಡಿಕೆ ಪತ್ರ) ಕೊಟ್ಟು, ₹30 ಲಕ್ಷ ವಸೂಲು ಮಾಡಿದೆ. ಉಳಿದ ₹7 ಕೋಟಿಯ ವಿಷಯದಲ್ಲಿ ವರ್ಗೀಕರಣ ಸರಿಯಾಗಿಯೇ ಇದೆ ಎಂದು ವಾದಿಸಿದೆ. ಈಗ ನಿಮ್ಮ ಮುಂದೆ ಆಕ್ಷೇಪಿಸಿದ್ದು, ಒಪ್ಪಿದ್ದು, ಬೇಡಿಕೆ ಸಲ್ಲಿಸಿದ್ದು, ಕೈಗೆ ಬಂದದ್ದು ಎಂಬ ನಾಲ್ಕು ಮೊತ್ತಗಳಿವೆ. ₹12 ಕೋಟಿಯನ್ನು ‘ಲೂಟಿ’ ಎಂದು ಬರೆದವರೂ, ₹30 ಲಕ್ಷ ತೋರಿಸಿ ‘ಹಣ ವಾಪಸು ಬಂದಿದೆ’ ಎಂದವರೂ ಓದುಗರ ದಾರಿ ತಪ್ಪಿಸುತ್ತಾರೆ. ನಾಲ್ಕನ್ನೂ ಅಂಚಿನಲ್ಲಿ ಒಂದರ ಕೆಳಗೊಂದು ಬರೆದುಕೊಳ್ಳಿ. ಯಾವುದಾದರೂ ಕಂಡಿಕೆಯಲ್ಲಿ ಇಲ್ಲದಿದ್ದರೆ ಅಲ್ಲಿ ಅಡ್ಡಗೆರೆ ಎಳೆಯಿರಿ, ಸೊನ್ನೆ ಬರೆಯಬೇಡಿ.

ಬೇಡಿಕೆಯ ನೋಟಿಸ್ ಕೊಟ್ಟಿದ್ದಾರೆ ಎಂದ ಮಾತ್ರಕ್ಕೆ ಇಲಾಖೆ ತಪ್ಪೊಪ್ಪಿಕೊಂಡಿತೆಂದು ತಿಳಿಯಲಾಗದು. ಕಸ್ಟಮ್ಸ್ ಕಾಯ್ದೆಯ 28ನೇ ಸೆಕ್ಷನ್ ಪ್ರಕಾರ ಸಾಮಾನ್ಯ ಪ್ರಕರಣಗಳಲ್ಲಿ ಎರಡು ವರ್ಷಗಳೊಳಗೆ, ಉದ್ದೇಶಪೂರ್ವಕವಾಗಿ ಮಾಹಿತಿ ಮರೆಮಾಚಿದ್ದರೆ ಐದು ವರ್ಷಗಳೊಳಗೆ ನೋಟಿಸ್ ಕೊಡಬೇಕು. ಆಕ್ಷೇಪ ಒಪ್ಪಿಗೆಯಿಲ್ಲದಿದ್ದರೂ ಅವಧಿ ಮೀರಿಹೋಗದಿರಲೆಂದು ನೋಟಿಸ್ ಕೊಟ್ಟಿಡುವ ರೂಢಿ ಕಚೇರಿಗಳಲ್ಲಿದೆ. ಇದಕ್ಕೆ ವಿರುದ್ಧವಾಗಿ, ಆಕ್ಷೇಪವನ್ನು ಒಪ್ಪಿಯೂ ಉತ್ತರ ತಡಮಾಡಿ ಎರಡು ವರ್ಷ ಕಳೆದುಬಿಟ್ಟರೆ ಆ ಹಣದ ಆಸೆ ಬಿಟ್ಟಂತೆಯೇ. ಆದ್ದರಿಂದ ಆಮದಿನ ದಿನಾಂಕ, ಆಕ್ಷೇಪದ ದಿನಾಂಕ, ನೋಟಿಸಿನ ದಿನಾಂಕ ಈ ಮೂರನ್ನೂ ಸುತ್ತು ಹಾಕಿಕೊಳ್ಳಿ. ನನ್ನ ಮಟ್ಟಿಗೆ ಆಡಳಿತದ ನಿಜವಾದ ವೈಫಲ್ಯ ಮೊತ್ತಕ್ಕಿಂತ ಹೆಚ್ಚಾಗಿ ಈ ದಿನಾಂಕಗಳ ಅಂತರದಲ್ಲಿ ಕಾಣುತ್ತದೆ.

ಇನ್ನೊಂದು ಪ್ರಶ್ನೆ, ತಪ್ಪು ಯಾರದ್ದು ಎಂಬುದು. ಕಸ್ಟಮ್ಸ್‌ನಲ್ಲಿ 2011ರಿಂದ ಆಮದುದಾರನೇ ತನ್ನ ಸುಂಕವನ್ನು ಲೆಕ್ಕ ಹಾಕಿ ಘೋಷಿಸುತ್ತಾನೆ. ಅಪಾಯ ನಿರ್ವಹಣಾ ವ್ಯವಸ್ಥೆಯೆಂಬ ಗಣಕೀಕೃತ ಜರಡಿಯಲ್ಲಿ ಸಿಕ್ಕಿಬೀಳದ ಬಿಲ್ಲುಗಳನ್ನು ಬಿಡುಗಡೆಗೆ ಮುನ್ನ ಯಾವ ಅಧಿಕಾರಿಯೂ ಪರಿಶೀಲಿಸುವುದಿಲ್ಲ. ಅದರ ಮೇಲೆ, 2020ರ ಜೂನ್ 8ರಂದು ಬೆಂಗಳೂರು ಮತ್ತು ಚೆನ್ನೈನಲ್ಲಿ ಆರಂಭವಾಗಿ ಅದೇ ವರ್ಷ ದೇಶದಾದ್ಯಂತ ವಿಸ್ತರಿಸಿದ ಮುಖಾಮುಖಿಯಿಲ್ಲದ ಸುಂಕ ನಿರ್ಧಾರಣೆಯಿಂದಾಗಿ, ದೇವನಹಳ್ಳಿಯ ವಿಮಾನ ನಿಲ್ದಾಣಕ್ಕೆ ಬಂದಿಳಿದ ಸರಕಿನ ಕಡತವನ್ನು ಬೇರೆ ರಾಜ್ಯದಲ್ಲಿ ಕುಳಿತ ಅಧಿಕಾರಿ ಪರಿಶೀಲಿಸಿರಬಹುದು. ಕಂಡಿಕೆಯಲ್ಲಿ ಬೆಂಗಳೂರಿನ ಹೆಸರಿದೆಯೆಂದು ಬೆಂಗಳೂರಿನ ಅಧಿಕಾರಿಗಳನ್ನು ದೂರುವ ಮೊದಲು ಆ ಬಿಲ್ಲನ್ನು ಅಧಿಕಾರಿ ನೋಡಿದ್ದನೇ, ಯಂತ್ರವೇ ದಾಟಿಸಿತೇ ಎಂಬ ಸಾಲನ್ನು ಹುಡುಕಿ.

ಹಂತ 5: ವ್ಯವಸ್ಥೆಯ ಲೋಪವನ್ನು ಬೇರೆ ಹಾಳೆಯಲ್ಲಿ ಬರೆಯಿರಿ

ಕೆಲವು ಕಂಡಿಕೆಗಳಿಗೆ ಮೊತ್ತವೇ ಇರುವುದಿಲ್ಲ, ಮೊತ್ತವಿಲ್ಲವೆಂದು ಯಾರೂ ಓದುವುದೂ ಇಲ್ಲ. 2019ರ 11ನೇ ವರದಿಯನ್ನು ನೋಡಿ. ಜಿಎಸ್‌ಟಿ ಜಾರಿಯಾಗಿ ಎರಡು ವರ್ಷ ಕಳೆದರೂ ಮಾರಿದವನ ಇನ್‌ವಾಯ್ಸಿಗೂ ಕೊಂಡವನ ಇನ್‌ಪುಟ್ ಕ್ರೆಡಿಟ್ಟಿಗೂ (ಕೊಳ್ಳುವಾಗ ಕಟ್ಟಿದ ತೆರಿಗೆಯನ್ನು ತಾನು ಕಟ್ಟಬೇಕಾದ ತೆರಿಗೆಯಿಂದ ಕಳೆದುಕೊಳ್ಳುವ ಮೊತ್ತಕ್ಕೂ) ತಾಳೆ ನೋಡುವ ವ್ಯವಸ್ಥೆ ಕೆಲಸ ಮಾಡುತ್ತಿಲ್ಲವೆಂದು ಅದರಲ್ಲಿ ಸಿಎಜಿ ಬರೆದಿದ್ದರು; ಇಡೀ ದೇಶದ ದತ್ತಾಂಶ ತಮ್ಮ ಕೈಗೆ ಸಿಕ್ಕಿಲ್ಲವೆಂದೂ ದಾಖಲಿಸಿದ್ದರು. ಆಮೇಲೆ 2020ರಲ್ಲಿ ಜಿಎಸ್‌ಟಿಆರ್-2ಬಿ (ಮಾರಿದವರು ಸಲ್ಲಿಸಿದ ವಿವರಗಳಿಂದ ಕೊಂಡವನಿಗೆ ಸಿದ್ಧವಾಗುವ ಕ್ರೆಡಿಟ್ ಪಟ್ಟಿ) ಬಂತು, ಮಾರಿದವನು ತನ್ನ ವಿವರದಲ್ಲಿ ತೋರಿಸದ ಇನ್‌ವಾಯ್ಸಿಗೆ ಕ್ರೆಡಿಟ್ ಇಲ್ಲವೆಂಬ ನಿಬಂಧನೆ 2022ರ ಜನವರಿ 1ರಿಂದ ಕಾಯ್ದೆಯೊಳಗೇ ಸೇರಿತು. ಕೋಟಿಗಳ ಲೆಕ್ಕವಿಲ್ಲದ ಇಂಥ ಕಂಡಿಕೆಗಳು ತಮ್ಮ ಕ್ರೆಡಿಟ್ಟಿನ ಬುಡಕ್ಕೇ ಸಂಬಂಧಿಸಿದವು ಎಂಬುದನ್ನು ಸಣ್ಣ ವ್ಯಾಪಾರಿಗಳು ಮೊದಲು ಮನಗಾಣಬೇಕು.

ಹಂತ 6: ಕಂಡಿಕೆಯ ಬೆನ್ನು ಹತ್ತಿ

ಸಿಎಜಿಗೆ ತೆರಿಗೆ ವಿಧಿಸುವ ಅಧಿಕಾರವೂ ವಸೂಲು ಮಾಡುವ ಅಧಿಕಾರವೂ ಇಲ್ಲ. ವರದಿ ಮಂಡನೆಯಾದ ಮೇಲೆ ಅದು ಸಾರ್ವಜನಿಕ ಲೆಕ್ಕಪತ್ರ ಸಮಿತಿಗೆ ಹೋಗುತ್ತದೆ. ಸಂಸತ್ತಿನ ಸಮಿತಿಯಲ್ಲಿ ಲೋಕಸಭೆಯ 15 ಮತ್ತು ರಾಜ್ಯಸಭೆಯ 7 ಸದಸ್ಯರಿರುತ್ತಾರೆ, ಸಚಿವರಿಗೆ ಸ್ಥಾನವಿಲ್ಲ, 1967ರಿಂದ ಅಧ್ಯಕ್ಷತೆ ವಿರೋಧ ಪಕ್ಷಕ್ಕೆ ಹೋಗುವ ಸಂಪ್ರದಾಯವಿದೆ. ಸಮಿತಿ ಅಧಿಕಾರಿಗಳನ್ನು ಕರೆಸಿ ವಿಚಾರಿಸುವುದು ಆಯ್ದ ಕೆಲವು ವಿಷಯಗಳನ್ನು ಮಾತ್ರ. ಉಳಿದವುಗಳಿಗೆ ಕೇಂದ್ರದ ಸಚಿವಾಲಯಗಳು ಮಂಡನೆಯ ನಾಲ್ಕು ತಿಂಗಳೊಳಗೆ ಕ್ರಮ ಕೈಗೊಂಡ ಟಿಪ್ಪಣಿ ಸಲ್ಲಿಸಬೇಕು.

ನಿಮ್ಮ ಕಂಡಿಕೆ ಸಮಿತಿಯ ಆಯ್ಕೆಗೆ ಬಾರದಿದ್ದರೆ ಮಾಹಿತಿ ಹಕ್ಕು ಅರ್ಜಿಯೊಂದೇ ದಾರಿ. ಅರ್ಜಿಯನ್ನು ಸಿಎಜಿ ಕಚೇರಿಗಲ್ಲ, ಸಂಬಂಧಪಟ್ಟ ಇಲಾಖೆಗೇ ಹಾಕಿ. ಕರ್ನಾಟಕದ ನಿಯಮದಲ್ಲಿ ಅರ್ಜಿ ಒಂದೇ ವಿಷಯಕ್ಕೆ ಸೀಮಿತವಾಗಿರಬೇಕು, ಸಾಮಾನ್ಯವಾಗಿ 150 ಪದ ಮೀರಬಾರದು. ಕೇಂದ್ರದ ಕಚೇರಿಗಳಿಗೆ 500 ಪದಗಳ ಮಿತಿಯಿದೆ. ಎರಡಕ್ಕೂ ಶುಲ್ಕ ₹10. ವ್ಯಾಪಾರಿಯ ಹೆಸರು, ರಿಟರ್ನ್‌ಗಳ ಪ್ರತಿ ಇತ್ಯಾದಿಗಳನ್ನು ಕೇಳಿದರೆ ಮಾಹಿತಿ ನಿರಾಕರಿಸಲು ಅವಕಾಶ ಕೊಡುವ ಮಾಹಿತಿ ಹಕ್ಕು ಕಾಯ್ದೆಯ 8ನೇ ಸೆಕ್ಷನ್ ತೋರಿಸಿ ಇಡೀ ಅರ್ಜಿಯನ್ನೇ ತಿರಸ್ಕರಿಸಲು ನೀವೇ ನೆಪ ಒದಗಿಸಿದಂತಾಗುತ್ತದೆ. ವರದಿಯ ಸಂಖ್ಯೆ ಮತ್ತು ಕಂಡಿಕೆಯ ಸಂಖ್ಯೆಯನ್ನು ಬರೆದು, ನೋಟಿಸ್ ಕೊಟ್ಟ ದಿನಾಂಕ, ಆದೇಶವಾಗಿದ್ದರೆ ಅದರ ದಿನಾಂಕ, ಈವರೆಗೆ ವಸೂಲಾದ ಮೊತ್ತ, ಮೇಲ್ಮನವಿಯಲ್ಲಿರುವ ಮೊತ್ತ ಇಷ್ಟನ್ನೇ ಕೇಳಿ. 30 ದಿನಗಳಲ್ಲಿ ಉತ್ತರ ಬಾರದಿದ್ದರೆ ಮುಂದಿನ 30 ದಿನಗಳೊಳಗೆ ಅದೇ ಇಲಾಖೆಯ ಪ್ರಥಮ ಮೇಲ್ಮನವಿ ಪ್ರಾಧಿಕಾರಕ್ಕೆ ಬರೆಯಬೇಕು. ಅದಕ್ಕೆ ಅರ್ಜಿಯ ಪ್ರತಿಯ ಜೊತೆ ಕಂಡಿಕೆಯ ಪುಟದ ನಕಲನ್ನೂ ಲಗತ್ತಿಸಿ.