ಮಿನ್‌ಜುನ್ ಅಂದರೆ ಏನರ್ಥ? ಕೊರಿಯಾದಲ್ಲಿರುವ ಕನ್ನಡಿಗರಿಗೆ ಹೆಸರಿನ ಲೆಕ್ಕಾಚಾರ

ಸುವೋನ್‌ನಲ್ಲೋ ಸೋಲ್‌ನಲ್ಲೋ ಮಗುವನ್ನು ಒರಿನಿಜಿಪ್‌ಗೆ, ಅಂದರೆ ಅಲ್ಲಿನ ಶಿಶುವಿಹಾರಕ್ಕೆ, ಸೇರಿಸಿದರೆ ಮಿನ್‌ಜುನ್ ಎಂಬ ಹೆಸರು ಬೇಗನೆ ಕಿವಿಗೆ ಬೀಳುತ್ತದೆ. 2000ರ ದಶಕದ ಮಧ್ಯಭಾಗದಿಂದ ಹಲವು ವರ್ಷ ಗಂಡುಮಕ್ಕಳ ಹೆಸರುಗಳಲ್ಲಿ ಇದೇ ಮುಂಚೂಣಿಯಲ್ಲಿತ್ತು. ಅಜ್ಜಂದಿರ ಕಾಲದಲ್ಲಿ ಯಂಗ್‌ಸು, ಯಂಗ್‌ಹೋ, ಅಪ್ಪಂದಿರ ಕಾಲದಲ್ಲಿ ಜಿಹುನ್, ಮಕ್ಕಳ ಕಾಲಕ್ಕೆ ಮಿನ್‌ಜುನ್, ಸೊಜುನ್. ನಮ್ಮಲ್ಲಿ ತಿಮ್ಮಪ್ಪ ಹೋಗಿ ಮಂಜುನಾಥ ಬಂದು, ಆಮೇಲೆ ಆರ್ಯನ್ ಬಂದ ಹಾಗೆ. ಹೆಸರು ಕೇಳಿಯೇ ವಯಸ್ಸು ಅಂದಾಜು ಮಾಡಬಹುದು.

ಆದರೆ ‘ಮಿನ್‌ಜುನ್ ಅಂದರೆ ಏನರ್ಥ?’ ಎಂಬ ಪ್ರಶ್ನೆಗೆ ಒಂದೇ ಉತ್ತರವಿಲ್ಲ. ‘ಪ್ರಕಾಶ’ ಎಂದರೆ ಬೆಳಕು. ಆ ಅರ್ಥ ಪದದಲ್ಲೇ ಇದೆ. ಮಿನ್‌ಜುನ್ ಹಾಗಲ್ಲ. ಕೊರಿಯಾದ ಹಂಗುಲ್ ಲಿಪಿಯಲ್ಲಿ ಬರೆದ ಎರಡು ಅಕ್ಷರಗಳು ಉಚ್ಚಾರವನ್ನಷ್ಟೇ ಹೇಳುತ್ತವೆ. ಅರ್ಥ ಇರುವುದು ಅವುಗಳ ಹಿಂದಿನ ಹಂಜಾದಲ್ಲಿ, ಅಂದರೆ ಕೊರಿಯನ್ನರು ಬಳಸುವ ಚೀನೀ ಅಕ್ಷರಗಳಲ್ಲಿ. ‘ಮಿನ್’ ಎಂದು ಓದುವ ಹಂಜಾಗಳು ಹಲವು: ಒಂದಕ್ಕೆ ಚುರುಕು, ಒಂದಕ್ಕೆ ಪ್ರಜೆ, ಇನ್ನೊಂದಕ್ಕೆ ಆಕಾಶ, ಮತ್ತೊಂದಕ್ಕೆ ಪಚ್ಚೆಯಂಥ ಕಲ್ಲು ಎಂದರ್ಥ. ‘ಜುನ್’ ಕೂಡ ಹಾಗೆಯೇ: ಪ್ರತಿಭಾವಂತ, ಎತ್ತರದ ಬೆಟ್ಟ, ಅಳತೆಗೋಲು, ಜಾತಿಕುದುರೆ. ಒಂದೇ ತರಗತಿಯ ಇಬ್ಬರು ಮಿನ್‌ಜುನ್‌ಗಳಲ್ಲಿ ಒಬ್ಬ ‘ಚುರುಕಿನ ಪ್ರತಿಭಾವಂತ’, ಇನ್ನೊಬ್ಬ ‘ಆಕಾಶದೆತ್ತರದವನು’ ಆಗಿರಬಹುದು. ಮಕ್ಕಳ ಹೆಸರಿನ ಜಾಲತಾಣಗಳು ಒಂದೇ ಅರ್ಥ ಕೊಟ್ಟು ಮುಗಿಸುತ್ತವೆ. ಅದನ್ನು ನಂಬಿ ಹುಟ್ಟುಹಬ್ಬದ ಕಾರ್ಡಿನಲ್ಲಿ ಬರೆದರೆ ತಪ್ಪಾಗುವ ಸಾಧ್ಯತೆಯೇ ಹೆಚ್ಚು.

ಹಾಗಾಗಿ ‘ಯಾವ ಹಂಜಾ?’ ಎಂದು ಕೇಳಬೇಕು. ಉತ್ತರ ಒಂದು ನಿಶ್ಚಿತ ರೂಪದಲ್ಲಿ ಬರುತ್ತದೆ: ಮೊದಲು ಅರ್ಥ, ನಂತರ ಉಚ್ಚಾರ. ‘ಹನುಲ್ ಮಿನ್’ ಎಂದರೆ ಆಕಾಶದ ಮಿನ್, ‘ಪೆಕ್‌ಸೊಂಗ್ ಮಿನ್’ ಎಂದರೆ ಪ್ರಜೆಯ ಮಿನ್, ‘ನೊಪುಲ್ ಜುನ್’ ಎಂದರೆ ಎತ್ತರದ ಜುನ್. ಗುರುತಿನ ಚೀಟಿಯಲ್ಲೂ ಹಂಗುಲ್ ಹೆಸರಿನ ಪಕ್ಕ ಆವರಣದಲ್ಲಿ ಹಂಜಾ ಇರುತ್ತದೆ. ಹಂಜಾ ಇಲ್ಲವೇ ಇಲ್ಲದ ಅಚ್ಚ ಕೊರಿಯನ್ ಹೆಸರುಗಳೂ ಇವೆ: ಹನುಲ್ ಎಂದರೆ ಆಕಾಶ, ಕರಮ್ ಎಂದರೆ ನದಿ. ಅಂಥವಕ್ಕೆ ಮಾತ್ರ ನಮ್ಮ ಹೆಸರುಗಳಂತೆ ನೇರ ಅರ್ಥವಿದೆ.

ಹಂಜಾವನ್ನು ಮನಬಂದಂತೆ ಆರಿಸುವಂತಿಲ್ಲ. ಹೆಸರಿಗೆ ಬಳಸಬಹುದಾದ ಹಂಜಾಗಳ ಪಟ್ಟಿಯನ್ನು ಸುಪ್ರೀಂ ಕೋರ್ಟ್ 1991ರಿಂದ ನಿಗದಿಪಡಿಸುತ್ತ ಬಂದಿದೆ. ಈಗ ಅದರಲ್ಲಿ ಒಂಬತ್ತು ಸಾವಿರಕ್ಕೂ ಹೆಚ್ಚು ಅಕ್ಷರಗಳಿವೆ. ಕುಲನಾಮ ಬಿಟ್ಟು ಹೆಸರು ಐದು ಅಕ್ಷರ ಮೀರಬಾರದು, ಆದರೂ ಬಹುತೇಕರದು ಎರಡೇ. ಎಷ್ಟೋ ಕುಟುಂಬಗಳು ಜಾಕ್‌ಮ್ಯೊಂಗ್‌ಸೊ ಎಂಬ ಹೆಸರಿಡುವ ಅಂಗಡಿಗೆ ಹೋಗುತ್ತವೆ. ಅಲ್ಲಿ ಹುಟ್ಟಿದ ವರ್ಷ, ತಿಂಗಳು, ದಿನ, ಗಳಿಗೆ ಈ ನಾಲ್ಕರಿಂದ ‘ಸಾಜು’ ಎಂಬ ಜಾತಕ ನೋಡಿ, ಹಂಜಾದ ಗೀಟುಗಳನ್ನು ಎಣಿಸಿ, ಮರ, ಬೆಂಕಿ, ಮಣ್ಣು, ಲೋಹ, ನೀರು ಎಂಬ ಐದು ಧಾತುಗಳಲ್ಲಿ ಮಗುವಿಗೆ ಕಡಿಮೆಯಿರುವುದನ್ನು ಹೆಸರಿನಿಂದ ತುಂಬುತ್ತಾರೆ. ನಮ್ಮವರು ನಕ್ಷತ್ರದ ಪಾದ ನೋಡಿ ಮೊದಲಕ್ಷರ ಆರಿಸಿದರೆ, ಇವರು ಉಚ್ಚಾರವನ್ನು ಮೊದಲೇ ಇಷ್ಟಪಟ್ಟು ಅದರ ಹಿಂದಿನ ಅಕ್ಷರವನ್ನು ಜಾತಕಕ್ಕೆ ಹೊಂದಿಸುತ್ತಾರೆ. ಅಪರೂಪದ, ಬರೆಯಲು ಕಷ್ಟದ ಹಂಜಾ ಕಂಡರೆ ಅದರ ಹಿಂದೆ ಹೆಚ್ಚಾಗಿ ಇದೇ ಲೆಕ್ಕ.

ಹಳೆಯ ಮನೆತನಗಳಲ್ಲಿ ಎರಡರಲ್ಲಿ ಒಂದು ಅಕ್ಷರ ಮೊದಲೇ ಗೊತ್ತಾಗಿರುತ್ತದೆ. ಇದು ತಲೆಮಾರಿನ ಅಕ್ಷರ, ‘ತೊಲ್ಲಿಮ್‌ಜಾ’. ಅಣ್ಣತಮ್ಮಂದಿರು, ದಾಯಾದಿಗಳು ಎಲ್ಲರಿಗೂ ಅದೇ ಅಕ್ಷರ. ಇದು ಸಾಮಾನ್ಯವಾಗಿ ಅದೇ ಐದು ಧಾತುಗಳ ಕ್ರಮದಲ್ಲಿ ಸುತ್ತುತ್ತದೆ: ಅಪ್ಪನ ಅಕ್ಷರದಲ್ಲಿ ಬೆಂಕಿಯ ಗುರುತಿದ್ದರೆ ಮಗನದರಲ್ಲಿ ಮಣ್ಣಿನದು. ಈಚೆಗೆ ಇದನ್ನು ಬಿಟ್ಟವರೇ ಹೆಚ್ಚು. ಕನ್ನಡಿಗರು ಎಡವುವುದು ಇನ್ನೊಂದು ಕಡೆ: ನಮ್ಮಲ್ಲಿ ಮೊಮ್ಮಗನಿಗೆ ಅಜ್ಜನ ಹೆಸರಿಡುವುದು ಗೌರವ, ಅಲ್ಲಿ ಹಿರಿಯರ ಹೆಸರನ್ನು ಕಿರಿಯರಿಗೆ ಇಡುವುದು ಅಗೌರವ. ತಂದೆಯ ಹೆಸರು ಹೇಳುವಾಗಲೂ ಒಟ್ಟಾಗಿ ಉಚ್ಚರಿಸದೆ ‘ಮಿನ್ ಜಾ, ಜುನ್ ಜಾ’ ಎಂದು ಅಕ್ಷರ ಬಿಡಿಸಿ ಹೇಳುತ್ತಾರೆ. ‘ಜಾ’ ಎಂದರೆ ಅಕ್ಷರ. ಕುಲನಾಮಕ್ಕೆ ಅದನ್ನು ಸೇರಿಸುವುದಿಲ್ಲ.

ಕುಲನಾಮ ಮೊದಲು ಬರುತ್ತದೆ: ಕಿಮ್ ಮಿನ್‌ಜುನ್. 2015ರ ಜನಗಣತಿಯಂತೆ ಶೇ. 21.5 ಮಂದಿ ಕಿಮ್, 14.7 ಮಂದಿ ‘ಈ’, 8.4 ಮಂದಿ ಪಾಕ್. ಇಂಗ್ಲಿಷ್‌ನಲ್ಲಿ ‘ಲೀ’ ಎಂದು ಬರೆದದ್ದನ್ನು ಕೊರಿಯನ್ನರು ‘ಈ’ ಎನ್ನುತ್ತಾರೆ; ‘ಪಾರ್ಕ್’ನಲ್ಲಿ ಇಲ್ಲದ ರಕಾರವನ್ನು ಎಳೆಯಬೇಡಿ. ಮದುವೆಯಾದರೂ ಹೆಂಗಸರ ಕುಲನಾಮ ಬದಲಾಗುವುದಿಲ್ಲ, ಹಾಗಾಗಿ ಮಿನ್‌ಜುನ್‌ನ ತಾಯಿ ‘ಮಿಸೆಸ್ ಕಿಮ್’ ಅಲ್ಲ. ಕಿಮ್‌ಗಳೆಲ್ಲ ಒಂದೇ ವಂಶವೂ ಅಲ್ಲ. ‘ಪೊನ್‌ಗ್ವಾನ್’ ಎಂಬ ಮೂಲಸ್ಥಾನ ಅವರನ್ನು ಬೇರ್ಪಡಿಸುತ್ತದೆ. ನಮ್ಮ ಗೋತ್ರವನ್ನು ನೆನೆದರೆ ಸಾಕು. ಒಂದೇ ಕುಲನಾಮ, ಒಂದೇ ಮೂಲಸ್ಥಾನದವರ ಮದುವೆಗೆ ಇದ್ದ ನಿಷೇಧ ಸಂವಿಧಾನಕ್ಕೆ ಹೊಂದುವುದಿಲ್ಲ ಎಂದು ಅಲ್ಲಿನ ಸಾಂವಿಧಾನಿಕ ನ್ಯಾಯಾಲಯ 1997ರಲ್ಲಿ ಹೇಳಿತು. ನೀವು ಭಾರತದವರೆಂದು ತಿಳಿದರೆ ಕಿಮ್ಹೆ ಮೂಲದ ಕಿಮ್‌ಗಳು ‘ನಮ್ಮ ಮೂಲ ಅಜ್ಜಿ ನಿಮ್ಮ ದೇಶದವಳು’ ಎನ್ನಬಹುದು. ಅಯುತ ಎಂಬ ದೇಶದಿಂದ ಕಡಲು ದಾಟಿ ಬಂದು ಆ ವಂಶದ ಮೂಲಪುರುಷ ಸುರೋ ರಾಜನನ್ನು ಮದುವೆಯಾದ ಹೊ ಹ್ವಾಂಗ್‌ಓಕ್‌ಳ ಕಥೆ ಅದು. ಇತಿಹಾಸಕಾರರು ಏನೇ ಅನ್ನಲಿ, ಮಾತು ಬೆಳೆಸಲು ಒಳ್ಳೆಯ ದಾರಿ.

ಕರೆಯುವ ರೀತಿಯಲ್ಲೂ ಕಟ್ಟುಪಾಡಿದೆ. ವ್ಯಂಜನದಲ್ಲಿ ಮುಗಿಯುವ ಹೆಸರಿಗೆ ‘ಆ’, ಸ್ವರದಲ್ಲಿ ಮುಗಿಯುವುದಕ್ಕೆ ‘ಯಾ’: ಮಿನ್‌ಜುನಾ, ಜಿಹೋಯಾ. ಇದು ಸಮವಯಸ್ಕರಿಗೆ, ಕಿರಿಯರಿಗೆ ಮಾತ್ರ. ಒಂದು ವರ್ಷ ದೊಡ್ಡ ಹುಡುಗನನ್ನೂ ಬರಿ ಹೆಸರಿಂದ ಕರೆಯುವಂತಿಲ್ಲ; ಹುಡುಗರು ‘ಹ್ಯೊಂಗ್’, ಹುಡುಗಿಯರು ‘ಒಪ್ಪಾ’ ಎನ್ನಬೇಕು, ಎರಡಕ್ಕೂ ಅಣ್ಣ ಎಂದರ್ಥ. ನಿಮ್ಮ ಮಗು ಮನೆಗೆ ಬಂದು ‘ಮಿನ್‌ಜುನಿ’ ಎಂದರೆ ಆ ಕೊನೆಯ ‘ಇ’ ಆತ್ಮೀಯತೆಯ ಪ್ರತ್ಯಯ, ಹೆಸರಿನ ಭಾಗವಲ್ಲ. ಕಾರ್ಡಿನಲ್ಲಿ ಹೆಸರನ್ನು ಕೆಂಪು ಶಾಯಿಯಲ್ಲಿ ಬರೆಯಬೇಡಿ. ಬದುಕಿರುವವರ ಹೆಸರು ಕೆಂಪಿನಲ್ಲಿ ಬರೆಯುವುದು ಅಪಶಕುನ. ಕಚೇರಿಯಲ್ಲಿ ಗೌರವದ ‘ಷಿ’ ಸೇರಿಸಿ ‘ಮಿನ್‌ಜುನ್ ಷಿ’ ಎಂದರೆ ಸರಿ, ಬರಿ ಕುಲನಾಮಕ್ಕೆ ಸೇರಿಸಿ ‘ಕಿಮ್ ಷಿ’ ಎಂದರೆ ಒರಟು. ಹುದ್ದೆ ಸೇರಿಸಿ ‘ಕಿಮ್ ಕ್ವಾಜಂಗ್‌ನಿಮ್’ (ವಿಭಾಗದ ಮುಖ್ಯಸ್ಥ ಕಿಮ್ ಅವರು) ಎಂದರೆ ಯಾರಿಗೂ ಬೇಸರವಿಲ್ಲ.

ಇನ್ನು ನಮ್ಮ ಹೆಸರುಗಳು. ಗಂಡ ಹೆಂಡತಿಯರಲ್ಲಿ ಒಬ್ಬರು ಕೊರಿಯನ್ನರಾದರೆ ಮಗುವಿನ ಜನನವನ್ನು ಒಂದು ತಿಂಗಳೊಳಗೆ ನೋಂದಾಯಿಸಬೇಕು. ತಂದೆ ವಿದೇಶಿಯಾದರೆ ಮಗು ತಾಯಿಯ ಕುಲನಾಮ ಪಡೆಯಬಹುದು. ಇಬ್ಬರೂ ಭಾರತೀಯರಾದರೆ ಸೋಲ್‌ನ ಭಾರತೀಯ ದೂತಾವಾಸದಲ್ಲಿ ಜನನ ನೋಂದಣಿ ಮತ್ತು ಪಾಸ್‌ಪೋರ್ಟ್ ಮಾಡಿಸಿ, ಹುಟ್ಟಿದ 90 ದಿನದೊಳಗೆ ವಲಸೆ ಕಚೇರಿಯಲ್ಲಿ ಮಗುವಿನ ವಾಸ್ತವ್ಯದ ಅರ್ಜಿ ಹಾಕಬೇಕು. ವಿದೇಶಿಗರ ಗುರುತಿನ ಚೀಟಿಯಲ್ಲಿ ಪಾಸ್‌ಪೋರ್ಟಿನ ರೋಮನ್ ಹೆಸರೇ ಬರುತ್ತದೆ. ಬ್ಯಾಂಕಿನಲ್ಲಿ ಒಂದು ಕ್ರಮ, ಮೊಬೈಲ್ ಕಂಪನಿಯಲ್ಲಿ ಇನ್ನೊಂದು ಕ್ರಮ, ಎಲ್ಲೋ ಒಂದು ಜಾಗ ಬಿಟ್ಟದ್ದು, ಉದ್ದ ಹೆಸರಿನ ಬಾಲ ಕತ್ತರಿಸಿದ್ದು: ಇಷ್ಟಾದರೆ ಆನ್‌ಲೈನ್ ಗುರುತು ದೃಢೀಕರಣ ವಿಫಲವಾಗುತ್ತದೆ. ಮೊದಲ ದಿನವೇ ಚೀಟಿ ತೋರಿಸಿ, ಅದರಲ್ಲಿರುವ ಕ್ರಮದಲ್ಲೇ, ಅದರಲ್ಲಿ ಬಿಟ್ಟಲ್ಲೇ ಜಾಗ ಬಿಟ್ಟು ದಾಖಲಿಸಲು ಹೇಳಿ.

ಶಾಲೆಗೆ ಹಂಗುಲ್ ರೂಪವೂ ಬೇಕಾಗುತ್ತದೆ. ಹಂಗುಲ್‌ನಲ್ಲಿ ಒತ್ತಕ್ಷರವೂ ಇಲ್ಲ, ವಕಾರವೂ ಇಲ್ಲ. ಶ್ರೀನಿವಾಸ ಅಲ್ಲಿ ‘ಸುರಿನಿಬಾಸಾ’ ಆಗುತ್ತಾನೆ. ಮೂರು ನಾಲ್ಕು ರೂಪ ಬರೆಸಿ ಓದಿಸಿ, ಕಿವಿಗೆ ಹತ್ತಿರವಾದದ್ದನ್ನು ಆರಿಸಿ, ಶಾಲೆಯಲ್ಲೂ ಆಸ್ಪತ್ರೆಯಲ್ಲೂ ಅದೊಂದನ್ನೇ ಕೊಡಿ.